ಹತ್ತು ಸಾವಿರ ಜನಕ್ಕೊಬ್ಬ ಪ್ರತಿನಿಧಿ: ಬಳ್ಳಾರಿಯ ಮತದಾರರಲ್ಲಿ ಒಂದು ಮನವಿ

ಇಡೀ ರಾಜ್ಯಕ್ಕೆ ಒಂದೇ ಜಿಲ್ಲೆ. ಆ ರಾಜ್ಯಕ್ಕೊಂದು ವಿಧಾನಸಭೆ, ಒಬ್ಬರು ಮುಖ್ಯಮಂತ್ರಿ, ಅವರೂ ಸೇರಿ ಇಬ್ಬರೇ ಮಂತ್ರಿಗಳು. ಇಂದಿನ ಮಕ್ಕಳಿಗೆ ಹೇಳಿದರೆ ಕಥೆ ಎಂದುಕೊಂಡಾರು. ಇದು ನಮ್ಮ ಕೊಡಗಿನಲ್ಲಿ ನಡೆದದ್ದು. 1950ರ ಜನವರಿ 26ರಂದು ಸಂವಿಧಾನ ಜಾರಿಗೆ ಬಂದಾಗ ಕೊಡಗು ‘ಸಿ’ ವರ್ಗದ ಪ್ರತ್ಯೇಕ ರಾಜ್ಯವಾಯಿತು. 1951ರಲ್ಲಿ ಸಂಸತ್ತು ಮಾಡಿದ ಕಾಯ್ದೆ ಅದಕ್ಕೆ ವಿಧಾನಸಭೆಯನ್ನೂ ಕೊಟ್ಟಿತು. 1952ರಲ್ಲಿ, ದೇಶದ ಮೊದಲ ಮಹಾಚುನಾವಣೆಯ ಜೊತೆಯಲ್ಲೇ, ಕೊಡಗಿನ ಜನ ತಮ್ಮ ಸಭೆಗೆ 24 ಮಂದಿಯನ್ನು ಆರಿಸಿದರು. ಕ್ಷೇತ್ರಗಳು 18. ಆರು ಕ್ಷೇತ್ರಗಳಿಂದ ತಲಾ ಇಬ್ಬರು, ಉಳಿದ ಹನ್ನೆರಡರಿಂದ ಒಬ್ಬೊಬ್ಬರು. ಆ ರಾಜ್ಯದ ಮೊದಲ ವಿಧಾನಸಭಾ ಚುನಾವಣೆ ಅದು. ಕೊನೆಯದೂ ಅದೇ. 1956ರ ನವೆಂಬರ್ 1ರಂದು ಕೊಡಗು ಮೈಸೂರು ರಾಜ್ಯದಲ್ಲಿ ವಿಲೀನವಾಯಿತು.

ಆ ಚುನಾವಣೆಯಲ್ಲಿ ಜನರ ಮುಂದಿದ್ದ ಪ್ರಶ್ನೆ ಸಣ್ಣದಲ್ಲ. ಕೊಡಗು ಮೈಸೂರಿನೊಂದಿಗೆ ಸೇರಬೇಕೇ, ಬೇರೆಯಾಗಿಯೇ ಉಳಿಯಬೇಕೇ ಎಂಬುದೇ ಎಲ್ಲರ ಬಾಯಲ್ಲಿದ್ದ ವಿಷಯ. ಸೇರಬೇಕು ಎಂದವರ ಮುಂದಾಳು ಚೆಪ್ಪುಡಿರ ಎಂ. ಪೂಣಚ್ಚ. ಸ್ವಾತಂತ್ರ್ಯ ಹೋರಾಟದಲ್ಲಿ ಸೆರೆಮನೆ ಕಂಡವರು, ಸಂವಿಧಾನ ರಚನಾ ಸಭೆಯಲ್ಲಿ ಕೊಡಗನ್ನು ಪ್ರತಿನಿಧಿಸಿದವರು. ಬೇಡ ಎಂದವರ ಮುಂದಾಳು ಪಂದ್ಯಂಡ ಬೆಳ್ಯಪ್ಪ. ಅವರೂ ಗಾಂಧಿಯ ದಾರಿಯಲ್ಲಿ ನಡೆದ ಹೋರಾಟಗಾರರೇ, ಪತ್ರಕರ್ತರೂ ಹೌದು. ಅವರ ಗುಂಪನ್ನು ಜನ ‘ತಕ್ಕಡಿ ಪಕ್ಷ’ ಎಂದೇ ಕರೆದರು. ಒಂದೇ ಹೋರಾಟದಲ್ಲಿ ಜೊತೆಗಿದ್ದವರು ಸ್ವತಂತ್ರ ದೇಶದ ಮೊದಲ ಚುನಾವಣೆಯಲ್ಲಿ ಎದುರುಬದುರು ನಿಂತರು. ಫಲಿತಾಂಶ ಬಂದಾಗ ಕಾಂಗ್ರೆಸ್ಸಿಗೆ 15 ಸ್ಥಾನ, ಪಕ್ಷೇತರರಿಗೆ 9. ಪೂಣಚ್ಚನವರು ಮುಖ್ಯಮಂತ್ರಿಯಾದರು, ಕೆ. ಮಲ್ಲಪ್ಪನವರು ಇನ್ನೊಬ್ಬ ಮಂತ್ರಿ. ವಿಲೀನ ಬೇಡ ಎಂದವರ ದನಿಗೂ ಅದೇ ಸಭೆಯಲ್ಲಿ ಜಾಗವಿತ್ತು. ಮುಂದೆ ಫಜಲ್ ಅಲಿ ಅವರ ಅಧ್ಯಕ್ಷತೆಯ ರಾಜ್ಯ ಪುನರ್ವಿಂಗಡಣಾ ಆಯೋಗ ಬಂದು, ಕೊಡಗು ಕನ್ನಡನಾಡಿನೊಂದಿಗೆ ಸೇರಲಿ ಎಂದಿತು.

ಇಲ್ಲಿ ನನ್ನ ಮನಸ್ಸನ್ನು ಹಿಡಿದು ನಿಲ್ಲಿಸುವುದು ಗೆಲುವು ಸೋಲಿನ ಲೆಕ್ಕವಲ್ಲ, ಇನ್ನೊಂದು ಲೆಕ್ಕ. 1951ರ ಜನಗಣತಿಯ ಹೊತ್ತಿಗೆ ಕೊಡಗಿನ ಜನಸಂಖ್ಯೆ ಎರಡು ಲಕ್ಷ ಮೂವತ್ತು ಸಾವಿರದ ಆಸುಪಾಸು. ಅಷ್ಟು ಜನಕ್ಕೆ 24 ಮಂದಿ ಸದಸ್ಯರು. ಎಂದರೆ ಹತ್ತು ಸಾವಿರಕ್ಕೂ ಕಡಿಮೆ ಜನಕ್ಕೆ ಒಬ್ಬ ಶಾಸಕ. ಅಷ್ಟು ಚಿಕ್ಕ ಕ್ಷೇತ್ರದಲ್ಲಿ ಅಭ್ಯರ್ಥಿಯ ಮನೆ ಯಾವುದು, ಅವರ ತೋಟ ಎಲ್ಲಿದೆ, ಕಷ್ಟದಲ್ಲಿ ಅವರು ಯಾರ ಮನೆಗೆ ಹೋಗಿ ನಿಂತರು ಎಂಬುದು ಮತದಾರನಿಗೆ ತಿಳಿಯದೆ ಇರಲು ಸಾಧ್ಯವೇ ಇಲ್ಲ. ಸಂತೆಯಲ್ಲಿ ಎದುರಾದರೆ ನಿಲ್ಲಿಸಿ ಕೇಳಬಹುದಿತ್ತು. ಇಂದು ಅದೇ ಕೊಡಗಿಗೆ ಇರುವುದು ಮಡಿಕೇರಿ, ವಿರಾಜಪೇಟೆ ಎಂಬ ಎರಡೇ ವಿಧಾನಸಭಾ ಕ್ಷೇತ್ರ. ದೊಡ್ಡ ರಾಜ್ಯದ ಭಾಗವಾದ ಮೇಲೆ ಹೀಗಾಗುವುದು ಸಹಜ. ವಿಲೀನದಿಂದ ದೊರೆತದ್ದು ಬಹಳವಿದೆ, ಅದರ ಬಗ್ಗೆ ನನಗೆ ಎರಡು ಮಾತಿಲ್ಲ. ಆದರೂ ಆ ಹತ್ತಿರದ ಪ್ರತಿನಿಧಿ ಎಂಬ ಭಾಗ್ಯ ದೂರವಾಯಿತಲ್ಲ ಎನಿಸುತ್ತದೆ.

ಆ 1952ರಲ್ಲಿ ನಮ್ಮ ಬಳ್ಳಾರಿ ಎಲ್ಲಿತ್ತು? ಮದರಾಸು ರಾಜ್ಯದಲ್ಲಿ. ಮೊದಲ ಚುನಾವಣೆಯಲ್ಲಿ ನಮ್ಮ ಹಿರಿಯರು ಆರಿಸಿದ ಶಾಸಕರು ಹೋಗಿ ಕೂತದ್ದು ದೂರದ ಮದರಾಸಿನ ವಿಧಾನಸಭೆಯಲ್ಲಿ. ಮರುವರ್ಷ ಆಂಧ್ರ ರಾಜ್ಯ ಹುಟ್ಟುವಾಗ ಬಳ್ಳಾರಿ ಯಾರದು ಎಂಬ ಪ್ರಶ್ನೆ ಎದ್ದಿತು. ಆದವಾನಿ, ಆಲೂರು, ರಾಯದುರ್ಗ ಆಂಧ್ರಕ್ಕೆ ಹೋದವು. ಬಳ್ಳಾರಿ ತಾಲ್ಲೂಕಿನ ಪ್ರಶ್ನೆ ನ್ಯಾಯಮೂರ್ತಿ ಮಿಶ್ರಾ ಅವರ ಮುಂದೆ ಹೋಗಿ, ಅದು ಮೈಸೂರಿಗೇ ಸೇರಬೇಕೆಂದು ತೀರ್ಮಾನವಾಯಿತು. 1953ರ ಅಕ್ಟೋಬರ್ 1ರಂದು ಬಳ್ಳಾರಿ, ಸಿರುಗುಪ್ಪ, ಹೊಸಪೇಟೆ, ಸಂಡೂರು, ಕೂಡ್ಲಿಗಿ, ಹಡಗಲಿ, ಹರಪನಹಳ್ಳಿ ತಾಲ್ಲೂಕುಗಳು ಮೈಸೂರು ರಾಜ್ಯಕ್ಕೆ ಬಂದವು. ಮದರಾಸಿಗೆ ಕಳಿಸಿದ್ದ ನಮ್ಮ ಶಾಸಕರೂ ಬೆಂಗಳೂರಿನ ಸಭೆಗೆ ಬಂದರು. ಆ ಹೋರಾಟದಲ್ಲಿ ಪೈಲ್ವಾನ್ ರಂಜಾನ್ ಸಾಬ್ ಅವರು ಪ್ರಾಣವನ್ನೇ ಕೊಟ್ಟರು. ನಾವು ಯಾವ ಸಭೆಗೆ ಪ್ರತಿನಿಧಿಯನ್ನು ಕಳಿಸಬೇಕು ಎಂಬುದು ಈ ಊರಿನಲ್ಲಿ ಅಷ್ಟು ಬೆಲೆ ತೆತ್ತು ಇತ್ಯರ್ಥವಾದ ಸಂಗತಿ.

ಈಗ ಬಳ್ಳಾರಿ ಜಿಲ್ಲೆಯಲ್ಲಿ ಐದು ತಾಲ್ಲೂಕು: ಬಳ್ಳಾರಿ, ಸಿರುಗುಪ್ಪ, ಸಂಡೂರು, ಕಂಪ್ಲಿ, ಕುರುಗೋಡು. ವಿಧಾನಸಭಾ ಕ್ಷೇತ್ರಗಳೂ ಐದು. ಕುರುಗೋಡು ಹೆಸರಿನಲ್ಲೇ ಮೊದಲು ಒಂದು ಕ್ಷೇತ್ರವಿತ್ತು. ಮರುವಿಂಗಡಣೆಯ ನಂತರ, 2008ರ ಚುನಾವಣೆಯಿಂದ, ಆ ಹೆಸರು ಪಟ್ಟಿಯಲ್ಲಿಲ್ಲ. ಕುರುಗೋಡಿನ ಹಿರಿಯರು ಇದನ್ನು ಇಂದಿಗೂ ಬೇಸರದಿಂದ ನೆನೆದರೆ ಆಶ್ಚರ್ಯವಿಲ್ಲ. ಬಳ್ಳಾರಿ ನಗರ ಕ್ಷೇತ್ರವೊಂದರಲ್ಲೇ ಎರಡು ಲಕ್ಷಕ್ಕೂ ಹೆಚ್ಚು ಮತದಾರರಿದ್ದಾರೆ. ಹೆಚ್ಚುಕಡಿಮೆ 1952ರ ಇಡೀ ಕೊಡಗು ರಾಜ್ಯದಷ್ಟು ಜನ, ಅವರಿಗೆ ಒಬ್ಬ ಶಾಸಕ. ಅವರು ಎಷ್ಟೇ ಒಳ್ಳೆಯವರಿರಲಿ, ಪ್ರತಿ ಬೀದಿಯ ಮೋರಿಯನ್ನು ಅವರೇ ಬಂದು ನೋಡುವುದು ಆಗದ ಮಾತು.

ಹಾಗಾದರೆ ಆ ಹತ್ತಿರದ ಪ್ರತಿನಿಧಿ ಇಂದು ಯಾರೂ ಇಲ್ಲವೇ? ಇದ್ದಾರೆ. ಬಳ್ಳಾರಿ ಮಹಾನಗರ ಪಾಲಿಕೆಯಲ್ಲಿ 39 ವಾರ್ಡುಗಳಿವೆ. 2011ರ ಜನಗಣತಿಯಂತೆ ನಗರದ ಜನಸಂಖ್ಯೆ ನಾಲ್ಕು ಲಕ್ಷದ ಮೇಲೆ. ಭಾಗಿಸಿ ನೋಡಿ. ವಾರ್ಡಿಗೆ ಸರಾಸರಿ ಹತ್ತು ಸಾವಿರದಷ್ಟು ಜನ. ಕೊಡಗಿನ ಶಾಸಕ ಎಷ್ಟು ಜನಕ್ಕೆ ಉತ್ತರ ಕೊಡಬೇಕಿತ್ತೋ, ಹೆಚ್ಚುಕಡಿಮೆ ಅಷ್ಟೇ ಜನಕ್ಕೆ ಇಂದು ನಿಮ್ಮ ಪಾಲಿಕೆ ಸದಸ್ಯರು ಉತ್ತರ ಕೊಡಬೇಕು. ಸಿರುಗುಪ್ಪ ನಗರಸಭೆಯಲ್ಲಿ, ಕುರುಗೋಡು ಪುರಸಭೆಯಲ್ಲಿ ಆ ಸಂಖ್ಯೆ ಇನ್ನೂ ಕಡಿಮೆ. ಹಳ್ಳಿಯವರಿಗೆ ಗ್ರಾಮ ಪಂಚಾಯಿತಿ ಸದಸ್ಯರು ಓಣಿಯಲ್ಲೇ ಇರುತ್ತಾರೆ. ಕಳೆದುಹೋಯಿತು ಎಂದುಕೊಂಡ ಆ ಭಾಗ್ಯ ನಮ್ಮ ಬೀದಿಯಲ್ಲೇ ಇದೆ. ನಾವು ಅದರತ್ತ ಸರಿಯಾಗಿ ನೋಡಿಲ್ಲ, ಅಷ್ಟೆ.

ಕಂಟೋನ್ಮೆಂಟಿನ ನಿವಾಸಿಗಳೇ, ಕೌಲ್ ಬಜಾರಿನ ಬಂಧುಗಳೇ, ಸಿರುಗುಪ್ಪ ಮತ್ತು ಕುರುಗೋಡಿನ ಹಿರಿಯರೇ, ತಾಯಂದಿರೇ, ಇದೇ ನಾನು ನಿಮ್ಮ ಮುಂದಿಡುವ ಮನವಿ. ವಿಧಾನಸಭೆಯ ಮತಕ್ಕೆ ಕೊಡುವ ಮನಸ್ಸನ್ನು ವಾರ್ಡಿನ ಮತಕ್ಕೂ ಕೊಡಿ. ಎರಡನ್ನೂ ಒಂದೇ ಗೌರವದಿಂದ ಚಲಾಯಿಸಿ.

ಮೊದಲ ಕೆಲಸ ಪಟ್ಟಿ ನೋಡುವುದು. ವಾರ್ಡ್ ಚುನಾವಣೆಯನ್ನು ನಡೆಸುವುದು ರಾಜ್ಯ ಚುನಾವಣಾ ಆಯೋಗ. ಆದರೆ ಅದರ ಮತದಾರರ ಪಟ್ಟಿಗೆ ವಿಧಾನಸಭೆಯ ಪಟ್ಟಿಯೇ ಬುನಾದಿ. ಅಲ್ಲಿ ಹೆಸರು ಬಿಟ್ಟುಹೋದರೆ ಇಲ್ಲಿಯೂ ಮತವಿಲ್ಲ. ಗುರುತಿನ ಚೀಟಿ ಕೈಯಲ್ಲಿದೆ ಎಂದು ನೆಮ್ಮದಿಯಾಗಿ ಇರಬೇಡಿ. ಚೀಟಿ ಇದ್ದೂ ಪಟ್ಟಿಯಲ್ಲಿ ಹೆಸರಿಲ್ಲದಿದ್ದರೆ ಮತಗಟ್ಟೆಯಿಂದ ವಾಪಸ್ ಬರಬೇಕಾಗುತ್ತದೆ. ಮತದಾನದ ದಿನ ಬೆಳಗ್ಗೆ ಇದು ಗೊತ್ತಾದರೆ ಯಾರೂ ಏನೂ ಮಾಡಲಾರರು. ಮೂರು ತಿಂಗಳು ಮೊದಲು ಗೊತ್ತಾದರೆ ಸರಿಪಡಿಸುವುದು ಸುಲಭ. ಸಹಾಯವಾಣಿ 1950ಕ್ಕೆ ಕರೆ ಮಾಡಿ. ಮೊಬೈಲಿನಲ್ಲಿ ಭಾರತ ಚುನಾವಣಾ ಆಯೋಗದ ಜಾಲತಾಣ ನೋಡಿ. ಎರಡೂ ಕಷ್ಟವೆನಿಸಿದರೆ ನಿಮ್ಮ ಮತಗಟ್ಟೆ ಮಟ್ಟದ ಅಧಿಕಾರಿ, ಎಂದರೆ ಬಿಎಲ್ಒ ಅವರನ್ನು ಕಾಣಿ. ಅವರು ಬಹುತೇಕ ನಿಮ್ಮ ಬಡಾವಣೆಯ ಶಾಲೆಯ ಮೇಷ್ಟ್ರೋ, ಅಂಗನವಾಡಿಯ ಕಾರ್ಯಕರ್ತೆಯೋ ಆಗಿರುತ್ತಾರೆ. ಹೊಸದಾಗಿ ಹೆಸರು ಸೇರಿಸಲು ನಮೂನೆ 6, ವಿಳಾಸ ಬದಲಿಸಲು ಅಥವಾ ತಪ್ಪು ತಿದ್ದಿಸಲು ನಮೂನೆ 8. ಮನೆಯಲ್ಲಿ ಯಾರಾದರೂ ತೀರಿಕೊಂಡಿದ್ದರೆ, ನೋವಿನ ನಡುವೆಯೂ, ನಮೂನೆ 7 ಕೊಟ್ಟು ಅವರ ಹೆಸರು ತೆಗೆಸಿ. ಅವರ ಹೆಸರಿನಲ್ಲಿ ಇನ್ನೊಬ್ಬರು ಮತ ಹಾಕುವ ಅವಕಾಶ ಇರಬಾರದು.

ಮನೆಯ ಹೆಣ್ಣುಮಕ್ಕಳ ಹೆಸರನ್ನು ವಿಶೇಷವಾಗಿ ನೋಡಿ. ಮೊದಲ ಚುನಾವಣೆಗೆ ಪಟ್ಟಿ ಸಿದ್ಧಮಾಡುವಾಗ ದೇಶದ ಎಷ್ಟೋ ಕಡೆ ಹೆಂಗಸರು ತಮ್ಮ ಹೆಸರು ಹೇಳಲಿಲ್ಲ. ಇಂಥವರ ಹೆಂಡತಿ, ಇಂಥವರ ತಾಯಿ ಎಂದಷ್ಟೇ ಬರೆಸಿದರು. ಅಂದಿನ ಮುಖ್ಯ ಚುನಾವಣಾ ಆಯುಕ್ತ ಸುಕುಮಾರ್ ಸೇನ್ ಅದನ್ನು ಒಪ್ಪಲಿಲ್ಲ. ಸ್ವಂತ ಹೆಸರು ಕೊಡದ ಸುಮಾರು 28 ಲಕ್ಷ ಮಹಿಳೆಯರು ಪಟ್ಟಿಯಿಂದ ಹೊರಗೇ ಉಳಿದರು. ಇಂದು ಆ ಸಂಕೋಚ ಹೋಗಿದೆ. ಆದರೆ ಮದುವೆಯಾಗಿ ಬಂದ ಸೊಸೆಯ ಹೆಸರು ತವರಿನ ಪಟ್ಟಿಯಲ್ಲೇ ಉಳಿದಿರುವುದು ನಮ್ಮ ಎಷ್ಟೋ ಮನೆಗಳ ಮಾತು. ಅವರು ಬಾಳುತ್ತಿರುವುದು ಇಲ್ಲಿ. ನಲ್ಲಿಯ ನೀರಿಗೆ ಕಾಯುವವರು ಅವರು. ಅವರ ಮತ ಇಲ್ಲಿಯೇ ಇರಲಿ.

ಹದಿನೆಂಟು ತುಂಬಿದ ಮಕ್ಕಳಿಗೂ ಒಂದು ಮಾತು. 1952ರಲ್ಲಿ ಮತ ಹಾಕಲು 21 ವರ್ಷ ತುಂಬಿರಬೇಕಿತ್ತು. 1989ರಲ್ಲಿ ಜಾರಿಗೆ ಬಂದ ಸಂವಿಧಾನದ 61ನೇ ತಿದ್ದುಪಡಿ ಆ ವಯಸ್ಸನ್ನು 18ಕ್ಕೆ ಇಳಿಸಿತು. ಈಗ ಜನವರಿ 1ಕ್ಕಾಗಿಯೇ ಕಾಯಬೇಕಿಲ್ಲ. ಏಪ್ರಿಲ್, ಜುಲೈ, ಅಕ್ಟೋಬರ್ ತಿಂಗಳ ಮೊದಲ ದಿನಕ್ಕೆ ವಯಸ್ಸು ತುಂಬಿದವರೂ ಸೇರಬಹುದು. ವೈದ್ಯಕೀಯ ಕಾಲೇಜು ಆಸ್ಪತ್ರೆಯ ಸುತ್ತಮುತ್ತ, ಹಾಸ್ಟೆಲುಗಳಲ್ಲಿ ಇದ್ದು ಓದುತ್ತಿರುವ ಬೇರೆ ಜಿಲ್ಲೆಗಳ ವಿದ್ಯಾರ್ಥಿಗಳೇ, ನೀವು ಊರಿನಲ್ಲಾದರೂ ಇಲ್ಲಿಯಾದರೂ ಮತದಾರರಾಗಬಹುದು. ಎರಡೂ ಕಡೆ ಆಗುವಂತಿಲ್ಲ. ಯೋಚಿಸಿ ಒಂದನ್ನು ಆರಿಸಿಕೊಳ್ಳಿ. ವರ್ಗವಾಗಿ ಬಂದ ರೈಲ್ವೆ ನೌಕರರು, ಬ್ಯಾಂಕಿನವರು, ವೈದ್ಯರು, ಶುಶ್ರೂಷಕಿಯರು ನಮೂನೆ 8 ತುಂಬಿ ಹೆಸರನ್ನು ಇಲ್ಲಿಗೆ ತಂದುಕೊಳ್ಳಿ. ಎರಡು ಮೂರು ವರ್ಷ ಇರುವ ಊರಾದರೂ ಅಷ್ಟು ಕಾಲ ನಿಮ್ಮ ಊರೇ.

ಗುಳೆ ಹೋಗುವ ಕುಟುಂಬಗಳ ಬಗ್ಗೆ ಹೇಳದೆ ಈ ಮನವಿ ಪೂರ್ತಿಯಾಗದು. ದುಡಿಮೆಗಾಗಿ ಬೆಂಗಳೂರಿಗೋ ಇಟ್ಟಿಗೆ ಭಟ್ಟಿಗೋ ಹೋದವರ ಮನೆಗೆ ಬೀಗ ಬಿದ್ದಿರುತ್ತದೆ. ಪರಿಶೀಲನೆಗೆ ಬಂದವರಿಗೆ ಅವರು ಸಿಗುವುದಿಲ್ಲ. ‘ಇಲ್ಲಿ ವಾಸವಿಲ್ಲ’ ಎಂಬ ಷರಾ ಬಿದ್ದರೆ ಹೆಸರೇ ಹೋಗಬಹುದು. ಪಕ್ಕದ ಮನೆಯವರಾದ ನೀವು ಒಂದು ಮಾತು ಹೇಳಿದರೆ ಸಾಕು: ‘ಅವರು ಇಲ್ಲಿಯವರೇ, ಸುಗ್ಗಿಗೆ ಬರುತ್ತಾರೆ, ಅವರ ಫೋನ್ ನಂಬರ್ ಇದು.’ ಒಂದು ಕುಟುಂಬದ ಮತಗಳನ್ನು ಉಳಿಸಲು ಇಷ್ಟು ಸಾಕಾಗುತ್ತದೆ. ನಿಮ್ಮಲ್ಲಿ ಹಲವರು ಇದನ್ನು ಈಗಾಗಲೇ ಮಾಡಿರುತ್ತೀರಿ ಎಂದು ನಂಬಿದ್ದೇನೆ.

ಒಂದು ಮತದಿಂದ ಏನಾಗುತ್ತದೆ ಎಂದು ಬೇಸತ್ತು ಕೇಳುವವರಿದ್ದಾರೆ. ಅವರ ಬೇಸರ ನನಗೆ ಅರ್ಥವಾಗುತ್ತದೆ. ಆದರೆ 2004ರಲ್ಲಿ ಸಂತೇಮರಹಳ್ಳಿ ಕ್ಷೇತ್ರದಲ್ಲಿ ಆರ್. ಧ್ರುವನಾರಾಯಣ ಅವರು ಎ.ಆರ್. ಕೃಷ್ಣಮೂರ್ತಿ ಅವರ ವಿರುದ್ಧ ಗೆದ್ದದ್ದು ಒಂದೇ ಒಂದು ಮತದಿಂದ. 2023ರಲ್ಲಿ ಬೆಂಗಳೂರಿನ ಜಯನಗರದ ಫಲಿತಾಂಶ ನಿಂತದ್ದು 16 ಮತಗಳ ಮೇಲೆ. ಇವು ಲಕ್ಷಗಟ್ಟಲೆ ಮತದಾರರಿರುವ ವಿಧಾನಸಭಾ ಕ್ಷೇತ್ರಗಳ ಮಾತು. ವಾರ್ಡಿನಲ್ಲಿ ಚಲಾವಣೆಯಾಗುವುದೇ ಕೆಲವು ಸಾವಿರ ಮತ. ಅಲ್ಲಿ ಎರಡು ಮನೆಯವರು ಮನಸ್ಸು ಮಾಡಿದರೆ ಫಲಿತಾಂಶ ಬದಲಾಗಬಹುದು. ಮತಗಳು ಸಮವಾದರೆ ಚೀಟಿ ಎತ್ತಿ ನಿರ್ಧರಿಸುತ್ತಾರೆ. ನಿಮ್ಮ ಓಣಿಯ ಐದು ವರ್ಷವನ್ನು ಆ ಚೀಟಿಗೆ ಬಿಡುವುದೇಕೆ?

ಎರಡನೆಯ ಕೆಲಸ ಪ್ರಶ್ನೆ ಕೇಳುವುದು. ಯಾರಿಗೆ ಯಾವ ಪ್ರಶ್ನೆ ಎಂಬುದು ಸ್ಪಷ್ಟವಿದ್ದರೆ ಉತ್ತರವೂ ಸ್ಪಷ್ಟವಾಗಿ ಬರುತ್ತದೆ. ತುಂಗಭದ್ರೆಯ ಕಾಲುವೆಯ ನೀರು ಸಿರುಗುಪ್ಪದ ಕೊನೆ ಭಾಗದ ಗದ್ದೆಗೆ ಯಾವಾಗ ತಲುಪುತ್ತದೆ, 2024ರ ಆಗಸ್ಟ್‌ನಲ್ಲಿ ಜಲಾಶಯದ 19ನೇ ಗೇಟು ಕೊಚ್ಚಿಹೋದ ಮೇಲೆ ಉಳಿದ ಗೇಟುಗಳ ಗತಿ ಏನು ಎಂಬುದು ಶಾಸಕರನ್ನೂ ಸಂಸದರನ್ನೂ ಕೇಳಬೇಕಾದದ್ದು. ಅಲ್ಲೀಪುರ ಕೆರೆಯ ನೀರು ನಮ್ಮ ನಲ್ಲಿಗೆ ಎಷ್ಟು ದಿನಕ್ಕೊಮ್ಮೆ ಬರುತ್ತದೆ, ಕಸದ ಗಾಡಿ ನಮ್ಮ ಅಡ್ಡರಸ್ತೆಗೆ ಏಕೆ ತಿರುಗುವುದಿಲ್ಲ, ಬೀದಿದೀಪ ಕೆಟ್ಟರೆ ಯಾರಿಗೆ ಹೇಳಬೇಕು, ಆಸ್ತಿ ತೆರಿಗೆಯ ಹಣದಲ್ಲಿ ನಮ್ಮ ವಾರ್ಡಿಗೆ ಎಷ್ಟು ಬಂತು ಎಂಬುದು ಪಾಲಿಕೆ ಸದಸ್ಯರಿಗೆ. ನಾವು ಸಾಮಾನ್ಯವಾಗಿ ಎಲ್ಲವನ್ನೂ ಶಾಸಕರ ಬಾಗಿಲಿಗೆ ಒಯ್ಯುತ್ತೇವೆ. ಅಲ್ಲಿ ಕಾದು ಕಾದು ಬೇಸತ್ತು ಬರುತ್ತೇವೆ. ನಮ್ಮ ಬೀದಿಯಲ್ಲೇ ಇರುವ ಪ್ರತಿನಿಧಿಯನ್ನು ಯಾರೂ ಕೇಳದೆ ಹೋದರೆ ಅವರಿಗಾದರೂ ನಮ್ಮ ಕಷ್ಟ ತಿಳಿಯುವುದು ಹೇಗೆ?

ಚುನಾವಣೆ ಬಂದಾಗ ಬಡಾವಣೆಯ ಹತ್ತು ಮನೆಯವರು ಸೇರಿ ಒಂದು ಸಂಜೆ ಎಲ್ಲ ಅಭ್ಯರ್ಥಿಗಳನ್ನೂ ಕರೆಯಿರಿ. ಗುಡಿಯ ಕಟ್ಟೆಯಾಗಲಿ, ದರ್ಗಾದ ಅಂಗಳವಾಗಲಿ ಬೇಡ, ಶಾಲೆಯ ಬಯಲು ಎಲ್ಲರಿಗೂ ಸೇರಿದ ಜಾಗ. ಬೇಕಾದ ಅನುಮತಿ ಪಡೆದುಕೊಳ್ಳಿ. ಎಲ್ಲರಿಗೂ ಸಮನಾದ ಸಮಯ ಕೊಡಿ. ಕನ್ನಡ, ತೆಲುಗು, ಉರ್ದು, ಯಾವ ಭಾಷೆಯಲ್ಲಿ ಕೇಳಿದರೂ ಬಳ್ಳಾರಿಯಲ್ಲಿ ಅರ್ಥವಾಗುತ್ತದೆ. ಕೊಟ್ಟ ಮಾತನ್ನು ಒಬ್ಬರು ಬರೆದಿಟ್ಟುಕೊಳ್ಳಿ. ವಿಧಾನಸಭೆಗೆ ನಿಂತವರಾದರೆ ಅವರ ಆಸ್ತಿ, ಸಾಲ, ಮೊಕದ್ದಮೆ, ಓದಿನ ವಿವರ ನಾಮಪತ್ರದ ಜೊತೆಗಿನ ಪ್ರಮಾಣಪತ್ರದಲ್ಲಿ ಇರುತ್ತದೆ. ಆಯೋಗ ಅದನ್ನು ಸಾರ್ವಜನಿಕವಾಗಿ ಪ್ರಕಟಿಸುತ್ತದೆ. ಮನೆಯ ಕಾಲೇಜು ಮಕ್ಕಳಿಗೆ ಹೇಳಿ, ಅವರು ಐದು ನಿಮಿಷದಲ್ಲಿ ತೆಗೆದು ಓದಿ ಹೇಳುತ್ತಾರೆ.

ಹಣ, ಸೀರೆ, ಕುಕ್ಕರ್ ಮನೆ ಬಾಗಿಲಿಗೆ ಬರುವ ಮಾತನ್ನು ನಾವೆಲ್ಲ ಕೇಳಿದ್ದೇವೆ. ತೆಗೆದುಕೊಂಡವರನ್ನು ದೂರಲು ನನಗೆ ಮನಸ್ಸಿಲ್ಲ. ದಿನದ ಕೂಲಿ ನಂಬಿ ಬದುಕುವ ಮನೆಯಲ್ಲಿ ಒಂದು ನೋಟಿನ ಬೆಲೆ ಏನೆಂದು ಬಲ್ಲೆ. ಕೊಡುವುದೂ ತೆಗೆದುಕೊಳ್ಳುವುದೂ ಕಾನೂನಿನ ಪ್ರಕಾರ ಅಪರಾಧ ಎಂಬುದನ್ನು ತಿಳಿದಿರಿ. ಇನ್ನೊಂದನ್ನೂ ತಿಳಿದಿರಿ. ಮತಯಂತ್ರದ ಮುಂದೆ ನೀವು ಒಬ್ಬರೇ. ಮತ ಗುಟ್ಟಾಗಿಯೇ ಇರುತ್ತದೆ. ಯಾರ ಹೆದರಿಕೆಯೂ, ಯಾರ ಋಣವೂ ಆ ಪರದೆಯ ಹಿಂದೆ ಬರುವಂತಿಲ್ಲ. ಕೊಡಲು ಬಂದವರನ್ನು ‘ಬೇಡಪ್ಪ, ನಮ್ಮ ಮೋರಿ ಸರಿಮಾಡಿಸು ಸಾಕು’ ಎಂದು ನಗುಮೊಗದಲ್ಲೇ ವಾಪಸ್ ಕಳಿಸುವ ತಾಯಂದಿರು ಈ ಊರಿನಲ್ಲಿ ಬೇಕಾದಷ್ಟು ಇದ್ದಾರೆ. ಅವರ ಸಂಖ್ಯೆ ಹೆಚ್ಚಲಿ.

ದುಡಿಸಿಕೊಳ್ಳುವವರಲ್ಲೂ ಒಂದು ಕೋರಿಕೆ. ಜೀನ್ಸ್ ಹೊಲಿಗೆ ಘಟಕಗಳ ಮಾಲೀಕರೇ, ಅಕ್ಕಿ ಗಿರಣಿಯವರೇ, ಅಂಗಡಿ ಹೋಟೆಲಿನವರೇ, ವಿಧಾನಸಭೆ ಮತ್ತು ಲೋಕಸಭೆ ಚುನಾವಣೆಯ ದಿನ ಮತದಾರರಾದ ಕೆಲಸಗಾರರಿಗೆ ಸಂಬಳಸಹಿತ ರಜೆ ಕೊಡಬೇಕೆಂದು ಜನಪ್ರತಿನಿಧಿ ಕಾಯ್ದೆ ಹೇಳುತ್ತದೆ. ಅದನ್ನು ಕೊಡಿ. ವಾರ್ಡ್ ಚುನಾವಣೆಯ ದಿನವೂ ಅದೇ ಮನಸ್ಸು ತೋರಿ. ಪೀಸ್ ಲೆಕ್ಕದಲ್ಲಿ ಹೊಲಿಯುವವರಿಗೆ ಅರ್ಧ ದಿನ ಹೋದರೆ ಕೂಲಿಯೇ ಹೋಯಿತು. ಆ ಅರ್ಧ ದಿನದ ಕೂಲಿಯನ್ನು ನೀವು ಕೊಟ್ಟರೆ ಅವರು ನಿಶ್ಚಿಂತೆಯಿಂದ ಸಾಲಿನಲ್ಲಿ ನಿಲ್ಲುತ್ತಾರೆ.

ಮನೆಯ ಹಿರಿಯರನ್ನು ಮರೆಯಬೇಡಿ. 85 ದಾಟಿದವರಿಗೆ ಮತ್ತು ಶೇ 40ರಷ್ಟು ಅಥವಾ ಅದಕ್ಕಿಂತ ಹೆಚ್ಚಿನ ಅಂಗವೈಕಲ್ಯ ಇರುವವರಿಗೆ ವಿಧಾನಸಭೆ, ಲೋಕಸಭೆ ಚುನಾವಣೆಗಳಲ್ಲಿ ಮನೆಯಿಂದಲೇ ಮತ ಹಾಕುವ ಸೌಲಭ್ಯವಿದೆ. ಅದಕ್ಕೆ ನಮೂನೆ 12ಡಿ ತುಂಬಬೇಕು, ಅಧಿಸೂಚನೆ ಹೊರಟ ಐದು ದಿನದೊಳಗೆ ಕೊಡಬೇಕು. ಎಷ್ಟೋ ಮನೆಗಳಲ್ಲಿ ಈ ಐದು ದಿನ ಗೊತ್ತಾಗದೆ ಕಳೆದುಹೋಗುತ್ತವೆ. ಬಿಎಲ್ಒ ಅವರಿಗೆ ಮೊದಲೇ ಹೇಳಿಡಿ. ಮತಗಟ್ಟೆಗೇ ಬರುತ್ತೇನೆ ಎನ್ನುವ ಅಜ್ಜ ಅಜ್ಜಿಯರನ್ನು ಬೆಳಗ್ಗೆ ಏಳಕ್ಕೇ ಕರೆದುಕೊಂಡು ಹೋಗಿ. 2023ರಲ್ಲೂ 2024ರಲ್ಲೂ ನಮ್ಮಲ್ಲಿ ಮತದಾನ ನಡೆದದ್ದು ಮೇ ತಿಂಗಳಲ್ಲಿ. ಬಳ್ಳಾರಿಯ ಮೇ ಬಿಸಿಲು ಹೇಗಿರುತ್ತದೆ ಎಂದು ನಿಮಗೆ ನಾನು ಹೇಳಬೇಕಿಲ್ಲ. ಸಾಲಿನಲ್ಲಿ ನಿಂತವರಿಗೆ ಒಂದು ತಂಬಿಗೆ ನೀರು ಕೊಡಲು ಬಡಾವಣೆಯ ಹುಡುಗರು ಮುಂದೆ ಬಂದರೆ, ಮತಗಟ್ಟೆಯ ಅಧಿಕಾರಿಗೆ ಒಂದು ಮಾತು ತಿಳಿಸಿ, ಯಾವ ಪಕ್ಷದ ಶಾಲು ಹೊದೆಯದೆ ಆ ಸೇವೆ ಮಾಡಲಿ.

ಕೊನೆಯದಾಗಿ, ಫಲಿತಾಂಶ ಬಂದ ಮೇಲಿನ ಮಾತು. ನೀವು ಮತ ಹಾಕಿದವರು ಗೆದ್ದಿರಲಿ, ಸೋತಿರಲಿ, ಗೆದ್ದವರು ನಿಮ್ಮ ಪ್ರತಿನಿಧಿಯೇ. ಪೌರ ನಿಗಮಗಳ ಕಾಯ್ದೆಯಲ್ಲಿ ವಾರ್ಡ್ ಸಮಿತಿಗೆ ಅವಕಾಶವಿದೆ. ನಿಮ್ಮ ವಾರ್ಡಿನಲ್ಲಿ ಅದು ಇದೆಯೇ, ಸಭೆ ಸೇರುತ್ತದೆಯೇ, ಅದರಲ್ಲಿ ಯಾರಿದ್ದಾರೆ ಎಂದು ಪಾಲಿಕೆ ಕಚೇರಿಯಲ್ಲಿ ಕೇಳಿ. ಇಲ್ಲವಾದರೆ ರಚಿಸಿ ಎಂದು ಅರ್ಜಿ ಕೊಡಿ. ಅಭ್ಯರ್ಥಿಗಳನ್ನು ಕರೆದ ಸಂಜೆ ಬರೆದಿಟ್ಟ ಕಾಗದವನ್ನು ಮೂರು ತಿಂಗಳಿಗೊಮ್ಮೆ ಹೊರತೆಗೆದು, ನಾಲ್ಕು ಮನೆಯವರು ಸೇರಿ, ಸದಸ್ಯರ ಮನೆಗೆ ಹೋಗಿ ಬನ್ನಿ. ಜಗಳಕ್ಕೆ ಬೇಡ. ಯಾವುದು ಆಯಿತು, ಯಾವುದು ಆಗಲಿಲ್ಲ, ಏಕೆ ಆಗಲಿಲ್ಲ ಎಂದು ಕೇಳಿ ತಿಳಿದುಕೊಳ್ಳಿ. ಒಳ್ಳೆಯ ಕೆಲಸ ಆಗಿದ್ದರೆ ಅದನ್ನೂ ಬಾಯಿ ತುಂಬ ಹೇಳಿ ಬನ್ನಿ.